ಕೆಂದಿಯ ಹಾಲು, ಪುಟ್ಟಮಲ್ಲಮ್ಮನ ಸಪೋಟ

ಫೆಬ್ರವರಿಯ ಕೊನೆಯ ಮಂಗಳವಾರ, ಬೆಳಿಗ್ಗೆ ಆರು ಗಂಟೆ ನಲವತ್ತು ನಿಮಿಷಕ್ಕೆ, ಕೌದಳ್ಳಿಯ ಪುಟ್ಟಮಲ್ಲಮ್ಮ ತನ್ನ ಸಪೋಟ ಮರದ ಕೆಳಗೆ ಬಗ್ಗಿ ನಿಂತು ಒಂದು ಹಸುವಿನ ಬಾಯೊಳಗಿಂದ ಹಣ್ಣು ಕೀಳುತ್ತಿದ್ದಳು. ಹಣ್ಣು ಅವಳದು. ಹಸು ಅವಳ ಸವತಿ ಶಿವಮ್ಮನದು. ಹನೂರಿಗೆ ಹೋಗುವ ಬಸ್ಸು ಆಗಷ್ಟೇ ಹಾರನ್ ಹೊಡೆದಿತ್ತು. ಎದುರು ಮನೆಯ ಜಗಲಿಯಲ್ಲಿ ನಾನು ಚಪ್ಪಲಿ ಹುಡುಕುತ್ತಿದ್ದೆ.

"ಉಗಿ, ಉಗಿ ಅಂತೀನಿ. ಕದ್ದು ತಿನ್ನಾದ ಯಾರು ಕಲಿಸಿಕೊಟ್ರು ನಿಂಗ? ನಿನ್ನ ಯಜಮಾನಿ ತಾನೆ?"

ಹಸುವಿನ ಹೆಸರು ಕೆಂದಿ. ಸಾಧು ಪ್ರಾಣಿ. ಆದರೆ ನಾಲಿಗೆ ಹಿಡಿದು ಎಳೆದರೆ ಯಾವ ಸಾಧು ಪ್ರಾಣಿಯೂ ತಲೆ ಕೊಡವುತ್ತದೆ. ಕೆಂದಿ ಕೊಡವಿತು. ಅದರ ನೆತ್ತಿ ಪುಟ್ಟಮಲ್ಲಮ್ಮನ ಗಲ್ಲಕ್ಕೆ ಕೆಳಗಿನಿಂದ ಬಡಿಯಿತು. ಒಣ ಪುಳ್ಳೆ ಮುರಿದಂಥ ಸದ್ದು ರಸ್ತೆಯ ಈಚೆಗೂ ಕೇಳಿಸಿತು. ಅವಳು ನಿಂತಲ್ಲೇ ಕೂತಳು. ಬಾಯಿಂದ ರಕ್ತ ಇಳಿಯುತ್ತಿತ್ತು. ನಾನು ಓಡಿ ಹೋಗುವಷ್ಟರಲ್ಲಿ ಅವಳು ಮಾಡಿದ್ದು ಒಂದೇ ಕೆಲಸ: ಮುಷ್ಟಿ ಬಿಚ್ಚಿ ಹಣ್ಣು ನೋಡಿಕೊಂಡಳು. ಅರ್ಧ ಮಾತ್ರ ಸಿಕ್ಕಿತ್ತು.

ಶಿವಮ್ಮ ಹಾಲು ಕರೆಯುವ ಚೆಂಬು ಹಿಡಿದು ಹಿತ್ತಲ ಬಾಗಿಲಿಗೆ ಬಂದಳು.

"ನನ್ನ ಅಸೀನ ಬಾಯ್ಗ ಕೈ ಆಕ್ದವ್ರು ಯಾರು, ಕೇಳಿ ಸಾ. ಆಮ್ಯಾಕ ಅಸ ಒಡೀತು ಅಂತ ನನ್ನ ಮ್ಯಾಲ ಬಂದಾರು. ನೀವೇ ಸಾಕ್ಷಿ."

ಸಾಕ್ಷಿಯಾಗಲು ನನಗೆ ಮನಸ್ಸಿರಲಿಲ್ಲ. ಒಂದು ಆಟೊ ಕರೆಸಿದೆ.

ಪುಟ್ಟಮಲ್ಲಮ್ಮನಿಗೆ ಆಗ ಅರವತ್ಮೂರು. ತವರು ಶಾಗ್ಯ. ಹದಿನೇಳಕ್ಕೆ ಕೌದಳ್ಳಿಯ ಸಿದ್ದಮಲ್ಲಪ್ಪನನ್ನು ಮದುವೆಯಾಗಿ ಬಂದವಳು. ಮಕ್ಕಳಾಗಲಿಲ್ಲ. ಹನ್ನೆರಡು ವರ್ಷ ಕಾದು ಸಿದ್ದಮಲ್ಲಪ್ಪ ಶಿವಮ್ಮನನ್ನು ಕರೆತಂದ. ಶಿವಮ್ಮನಿಗೆ ಒಬ್ಬ ಮಗಳು, ಶೃತಿ. ಈಗ ಯಳಂದೂರಿನ ಆಚೆ ಅಗರದಲ್ಲಿ ಸಂಸಾರಸ್ಥೆ, ಮನೆಯಲ್ಲೇ ಬಟ್ಟೆ ಹೊಲಿಯುತ್ತಾಳೆ. ಸಿದ್ದಮಲ್ಲಪ್ಪ ಇದ್ದಷ್ಟು ದಿನ ಹೆಂಡತಿಯರಿಬ್ಬರೂ ಅವನನ್ನು ಬೈದುಕೊಂಡು ಒಂದಾಗಿದ್ದರು. ಅವನು ತೀರಿಕೊಂಡ ಮೇಲೆ ಬೈಯುವುದಕ್ಕೆ ಒಬ್ಬರಿಗೊಬ್ಬರು ಉಳಿದರು.

ಹಿರಿಯರು ಸೇರಿ ಪಾಲು ಮಾಡಿಕೊಟ್ಟರು. ಹಸು ಶಿವಮ್ಮನಿಗೆ, ಸಪೋಟ ಮರ ಪುಟ್ಟಮಲ್ಲಮ್ಮನಿಗೆ. ಮಿಕ್ಸಿ ಅವಳೇ ಸಂಘದ ಸಾಲದಲ್ಲಿ ಕೊಂಡು ತೀರಿಸಿದ್ದರಿಂದ ಅದೂ ಅವಳದೇ. ನಡುಮನೆಯಲ್ಲಿ ಗೋಡೆ ಕಟ್ಟಿದರೆ ಗಾಳಿ ಆಡುವುದಿಲ್ಲವೆಂದು ನೆಲಕ್ಕೆ ಒಂದು ಸುಣ್ಣದ ಗೆರೆ ಎಳೆದರು. ಪ್ರತಿ ಯುಗಾದಿಗೆ ಆ ಗೆರೆಗೆ ಹೊಸ ಸುಣ್ಣ ಬಳಿಯುವವಳು ಪುಟ್ಟಮಲ್ಲಮ್ಮ. ಕೈ ನಡುಗದ ಹೆಂಗಸು. ಗೆರೆ ಒಂದು ಬೆರಳೂ ಆಚೀಚೆ ಸರಿದದ್ದಿಲ್ಲ.

ಹಸು ಕೈತಪ್ಪಿದ್ದನ್ನು ಅವಳಿಗೆ ತಡೆಯಲಾಗಲಿಲ್ಲ. ಅದರ ತಾಯಿಯನ್ನು ಕರುವಿನಿಂದ ಸಾಕಿದವಳು ಅವಳು. ಹಿರಿಯರ ಮುಂದೆಯೇ ಸೆರಗು ಬಿಗಿದು ಆಣೆ ಇಟ್ಟಳು: "ಇವಳ ಆಲು ನನ್ನ ಗಂಟಲ್ಗ ಇಳುದ್ರೆ ಮಾದಪ್ಪ ನೋಡ್ಕಳ್ಲಿ." ಈ ಸೀಮೆಯಲ್ಲಿ ಬೆಟ್ಟದ ದೇವರು ಮಾದಪ್ಪನ ಹೆಸರು ಹಿಡಿದ ಮಾತನ್ನು ಯಾರೂ ಸಡಿಲ ಮಾಡಿಕೊಳ್ಳುವುದಿಲ್ಲ. ಪುಟ್ಟಮಲ್ಲಮ್ಮ ಸಡಿಲ ಮಾಡಿಕೊಳ್ಳುವುದಿರಲಿ, ಇನ್ನಷ್ಟು ಬಿಗಿ ಮಾಡಿದಳು. ಶಿವಮ್ಮ ಹಾಲನ್ನು ಊರ ಡೈರಿಗೆ ಹಾಕುತ್ತಾಳೆ. ಡೈರಿಯ ಹಾಲು ಟ್ಯಾಂಕರಿಗೆ, ಟ್ಯಾಂಕರಿನದು ಪಾಕೀಟಿಗೆ. ಹಾಗಾಗಿ ಪಾಕೀಟಿನ ಹಾಲೂ ಅವಳಿಗೆ ನಿಷಿದ್ಧವಾಯಿತು. ವರ್ಷಗಟ್ಟಲೆ ಕರಿ ಚಹ ಕುಡಿದಳು.

ಒಮ್ಮೆ ನಾನು ಲೆಕ್ಕ ಹಾಕಿ ತೋರಿಸಿದ್ದೆ. ಶಿವಮ್ಮ ಹಾಕುವುದು ನಾಲ್ಕು ಲೀಟರು. ಅದು ಹೋಗಿ ಬೆರೆಯುವುದು ಸುಮಾರು ನಲವತ್ತು ಸಾವಿರ ಲೀಟರಿನಲ್ಲಿ ಎಂದಿಟ್ಟುಕೊಂಡರೆ ಅರ್ಧ ಲೀಟರಿನ ಪಾಕೀಟಿನಲ್ಲಿ ಅವಳ ಪಾಲು ಒಂದು ಹನಿ ಮಾತ್ರ.

"ಅದನ್ನೇ ನಾನೂ ಯೋಳ್ತಿರಾದು ಮೇಷ್ಟ್ರೆ," ಎಂದಳು ಪುಟ್ಟಮಲ್ಲಮ್ಮ. "ಒಂದ್ ಅನಿ ಅದೆ ಅಂತ ಈಗ ನೀವೂ ಒಪ್ಕಂಡ್ರಿ."

ಲೆಕ್ಕದಲ್ಲಿ ತಪ್ಪಿರಲಿಲ್ಲ.

ಕೊಳ್ಳೇಗಾಲದಲ್ಲಿ ಎಕ್ಸ್‌ರೇ ತೆಗೆದಾಗ ಕೆಳದವಡೆ ಎರಡು ಕಡೆ ಬಿರುಕು ಬಿಟ್ಟಿತ್ತು. ಮೈಸೂರಿನಿಂದ ವಾರಕ್ಕೊಮ್ಮೆ ಬರುವ ದವಡೆಯ ಡಾಕ್ಟರು ಮೇಲಿನ ಹಲ್ಲಿಗೂ ಕೆಳಗಿನ ಹಲ್ಲಿಗೂ ತಂತಿ ಬಿಗಿದು ಬಾಯಿ ಮುಚ್ಚಿಬಿಟ್ಟರು. ಐದು ವಾರ ಹೀಗೇ ಇರಬೇಕು, ಅಲ್ಲಿಯವರೆಗೆ ಮೂಳೆ ಅಲುಗಬಾರದು. ಎಡಗಡೆ ಒಂದು ಹಲ್ಲು ಹಿಂದೆಯೇ ಬಿದ್ದು ಸಂದು ಉಳಿದಿತ್ತು. ಆ ಸಂದಿಗೆ ಕೊಳವೆ ಇಟ್ಟು ಹೀರಿದ್ದೇ ಊಟ.

ಡಾಕ್ಟರು ತೂಕ ನೋಡಿದರು. ನಲವತ್ನಾಲ್ಕು ಕಿಲೊ. "ಇಳಿಯುತ್ತದೆ, ಎಲ್ಲರಿಗೂ ಇಳಿಯುತ್ತದೆ," ಎಂದರು. "ಮೂವತ್ತೆಂಟಕ್ಕಿಂತ ಕೆಳಗೆ ಹೋದರೆ ಮಾತ್ರ ಮೈಸೂರಿಗೆ ಸೇರಿಸಿ ಮೂಗಿನಿಂದ ನಳಿಕೆ ಹಾಕಬೇಕಾಗುತ್ತದೆ. ಈ ವಯಸ್ಸಿಗೆ ಅದು ಒಳ್ಳೆಯದಲ್ಲ. ಹಾಲು, ಹಣ್ಣು ಚೆನ್ನಾಗಿ ಕೊಡಿ. ಮೊಟ್ಟೆ ತಿನ್ನದವರು ನೀವು, ಹಾಲು ಬಿಟ್ಟರೆ ಮೂಳೆ ಕೂಡಿಸುವುದು ಕಷ್ಟ."

ಅಗರದಿಂದ ಓಡಿ ಬಂದಿದ್ದ ಶೃತಿ ತಲೆಯಾಡಿಸಿದಳು. ಡಾಕ್ಟರು ಅವಳ ಕೈಗೆ ಒಂದು ಪುಟ್ಟ ಕತ್ತರಿಯನ್ನೂ ಕೊಟ್ಟರು. ವಾಂತಿ ಬಂದು ಉಸಿರು ಕಟ್ಟಿದರೆ ತಂತಿ ಕತ್ತರಿಸಬೇಕಂತೆ. ಅದು ಸದಾ ರೋಗಿಯ ಹತ್ತಿರ ಇರುವವರ ಕೈಯಲ್ಲಿರಬೇಕಂತೆ.

ಹಲ್ಲು ಕಚ್ಚಿಕೊಂಡೂ ಮಾತಾಡಬಹುದು. ಮೊದಲ ದಿನ ಪುಟ್ಟಮಲ್ಲಮ್ಮ ಮಾತಾಡಿ ನೋಡಿದಳು. ಮಾತು ಕೊಡದೊಳಗಿನ ದುಂಬಿಯ ಹಾಗೆ ಗುಯ್ಗುಟ್ಟಿತು. ಕೇರಿಯ ಮಕ್ಕಳು ನಕ್ಕವು. ಅವಳು ಅವತ್ತಿನಿಂದ ತುಟಿ ಬಿಚ್ಚಲಿಲ್ಲ. ಹಲಸಿನ ಹಣ್ಣಿಗೆ ಅರ್ಧ ಟಿಕೆಟು ಕೇಳಿದ ಕಂಡಕ್ಟರನನ್ನು ಬೆಟ್ಟದ ಬಸ್ಸಿನಲ್ಲಿ ತಾಳಬೆಟ್ಟದಿಂದ ಕೌದಳ್ಳಿಯವರೆಗೆ ಬಿಡದೆ ಬೈದ ಹೆಂಗಸು ಅವಳು. ಬೈಗುಳಕ್ಕೆ ಬಾಯಿ ಅಗಲ ಬೇಕು; ಅರೆಬರೆ ಬೈಯುವುದಕ್ಕಿಂತ ಮೌನವೇ ಮೇಲೆಂದು ತೀರ್ಮಾನಿಸಿದಂತಿತ್ತು.

ಮೊದಲ ವಾರ ಶೃತಿ ನೋಡಿಕೊಂಡಳು. ಸೋಸಿದ ರಾಗಿ ಅಂಬಲಿ, ಬೇಳೆಯ ಕಟ್ಟು, ಸಪೋಟ ಅರೆದು ನೀರಿಗೆ ಹಾಕಿದ್ದು. ಮೆಡಿಕಲ್ ಷಾಪಿನಿಂದ ಒಂದು ಡಬ್ಬದ ಪುಡಿ ತಂದಳು. ಅದರಲ್ಲಿ ಹಾಲಿನ ಪುಡಿಯೂ ಇದೆಯೆಂದು ಯಾರೋ ಹೇಳಿದರು, ಪುಟ್ಟಮಲ್ಲಮ್ಮ ಡಬ್ಬ ದೂಡಿದಳು. ನಮ್ಮ ಮನೆಯ ಎಮ್ಮೆ ಆಗ ಬತ್ತಿತ್ತು. ಮೂಲೆಮನೆಯಿಂದ ಶೃತಿ ಒಂದು ಚೆಂಬು ಹಾಲು ತಂದು, ಬಾಳೆಹಣ್ಣು ಹಾಕಿ ಅರೆದು, ಲೋಟಕ್ಕೆ ಕೊಳವೆ ಇಟ್ಟು ಮುಂದೆ ಹಿಡಿದಳು.

"ದೊಡ್ಡವ್ವ, ಮೂಲೆಮನೆ ಎಮ್ಮೆ ಆಲು. ನನ್ನ ಮೊಗೀನ ಆಣೆ."

ಪುಟ್ಟಮಲ್ಲಮ್ಮ ಲೋಟ ನೋಡಿದಳು. ಶೃತಿಯನ್ನು ನೋಡಿದಳು. ಗೆರೆಯ ಆಚೆ ರೊಟ್ಟಿ ತಟ್ಟುತ್ತಿದ್ದ ಶಿವಮ್ಮನ ಮೂಗಿನ ಕಡೆ ಬೆರಳು ತೋರಿದಳು, ಆಮೇಲೆ ಅದೇ ಬೆರಳಿನಿಂದ ಶೃತಿಯ ಮೂಗು ಮುಟ್ಟಿದಳು. ಎರಡೂ ಒಂದೇ ಅಚ್ಚು. ನಂಬಲು ಬರುವುದಿಲ್ಲ ಎಂದರ್ಥ. ಗೋಡೆಯ ಕಡೆ ತಿರುಗಿ ಮಲಗಿದಳು.

"ಸಾಯ್ಲಿ ಬುಡು," ಎಂದಳು ಶಿವಮ್ಮ. "ಗೆರೆಗ ಸುಣ್ಣ ಬಳಿಯೋ ಕೆಲ್ಸ ತಪ್ತದೆ."

"ಸತ್ತೋದ್ರೆ ಆಮ್ಯಾಕ ಬೆಳಗೆದ್ದು ಯಾರ್ನ ಬೈದೀಯವ್ವ ನೀನು?"

"ನಿನ್ನ."

ಶೃತಿಗೆ ಅಳು ಬಂತೋ ನಗು ಬಂತೋ ತಿಳಿಯಲಿಲ್ಲ. ಮನೆಯಲ್ಲಿ ಅವಳ ಮಗುವಿಗೆ ಜ್ವರವೆಂದು ಗಂಡ ಎರಡು ದಿನದಿಂದ ಫೋನು ಮಾಡುತ್ತಿದ್ದ. ಭಾನುವಾರ ಹೊರಟಳು. ಹೊರಡುವಾಗ ಕತ್ತರಿಯನ್ನು ಬೇರೆ ಯಾರ ಕೈಗೆ ಕೊಡುತ್ತಾಳೆ? ತಾಯಿಯ ಕೈಗೇ ಕೊಟ್ಟಳು. ಶಿವಮ್ಮ ಅದಕ್ಕೊಂದು ದಾರ ಪೋಣಿಸಿ ಕೊರಳಿಗೆ ಹಾಕಿಕೊಂಡಳು, ಶಿವದಾರದ ಪಕ್ಕದಲ್ಲೇ. ಅದನ್ನು ಕಂಡ ಪುಟ್ಟಮಲ್ಲಮ್ಮ ಚಾಪೆಯನ್ನು ಗೆರೆಯಿಂದ ಇನ್ನೂ ದೂರಕ್ಕೆ ಎಳೆದುಕೊಂಡಳು. ತನ್ನ ಉಸಿರಿನ ಕತ್ತರಿ ಹೋಗಿ ಹೋಗಿ ಅವಳ ಕೊರಳಲ್ಲಿ ನೇತಾಡುವುದನ್ನು ನೋಡುತ್ತ ಮಲಗುವುದು ಸುಲಭದ ಮಾತಲ್ಲ.

ಆ ವಾರದಲ್ಲೇ ಎರಡು ಕಿಲೊ ಇಳಿದಿತ್ತು. ಹೀಗೇ ಹೋದರೆ ತಂತಿ ಬಿಚ್ಚುವ ಮೊದಲೇ ಮೂಗಿಗೆ ನಳಿಕೆ ಬರುವುದು ಖಂಡಿತವಿತ್ತು.

ಮಾರನೆಯ ದಿನ ಸೋಮವಾರ. ಈ ಮನೆಯಲ್ಲಿ ಸೋಮವಾರ ಸಂಜೆಯ ಹಾಲು ಮಾದಪ್ಪನಿಗೆ ಮೀಸಲು. ಅದನ್ನು ಮಾರುವುದಿಲ್ಲ, ಮನೆಯವರು ಚಹಕ್ಕೂ ಹಾಕಿಕೊಳ್ಳುವುದಿಲ್ಲ. ದೇವರ ಮುಂದಿಟ್ಟು, ಕೈ ಮುಗಿದು, ಬಂದವರಿಗೆ ಕೊಡುವುದು. ಮೀಸಲು ಬಿಟ್ಟ ಮೇಲೆ ಆ ಹಾಲು ಕರೆದವಳದೂ ಅಲ್ಲ, ಹಸು ಕಟ್ಟಿದವಳದೂ ಅಲ್ಲ. ಈ ಕಟ್ಟಳೆಯನ್ನು ಹೊಸ ಸೊಸೆಯಾಗಿ ಬಂದ ಶಿವಮ್ಮನಿಗೆ ಕಿವಿ ಹಿಂಡಿ ಕಲಿಸಿದವಳು ಪುಟ್ಟಮಲ್ಲಮ್ಮನೇ. ಚಹಕ್ಕೆ ಒಂದು ಚಮಚ ಹಾಕಿಕೊಂಡದ್ದಕ್ಕೆ ಒಂದು ದಿನ ಉಪವಾಸ ಕೆಡವಿದ್ದಳಂತೆ.

ಅವತ್ತು ಬೆಳಗಿನ ಹಾಲು ಕರೆಯುವ ಮೊದಲು ಶಿವಮ್ಮ ಕೆಂದಿಯ ಬೆನ್ನ ಮೇಲೆ ಕೈಯಿಟ್ಟು ನಿಂತಳು. ಇಬ್ಬರ ನಡುವೆ ನೇರ ಮಾತು ನಿಂತು ವರ್ಷಗಳಾಗಿದ್ದವು. ಹೇಳುವುದೇನಿದ್ದರೂ ಹಸುವಿಗೆ ಹೇಳುವುದು ರೂಢಿ. ಕೇಳಬೇಕಾದವರಿಗೆ ಕೇಳುವಷ್ಟು ಗಟ್ಟಿಯಾಗಿ ಹೇಳಿದಳು.

"ಕೆಂದೀ, ಕೇಳಿಸ್ಕೊ. ಈವತ್ತಿಂದ ಆ ತಂತಿ ಬಿಚ್ಚಾಗಂಟ ನಿನ್ನ ಆಲೆಲ್ಲ ಮಾದಪ್ಪುಂದು. ಎರಡೊತ್ತಿಂದೂವೆ. ಡೈರಿಗ ಇಲ್ಲ, ನನ್ನ ಟೀಗೂ ಇಲ್ಲ. ಯಾರೋ ಆಣೆ ಇಟ್ಟವ್ರೆ, ಶಿವಮ್ಮನ ಆಲು ಬ್ಯಾಡ ಅಂತ. ಸರಿ, ಇದು ಶಿವಮ್ಮುಂದಲ್ಲ. ಮಾದಪ್ಪುಂದೂ ಬ್ಯಾಡ ಅನ್ನಾದಾದ್ರೆ ಅನ್ಲಿ. ನಾನೂ ನೋಡ್ತೀನಿ."

ನಡುಮನೆಯಲ್ಲಿ ಪುಟ್ಟಮಲ್ಲಮ್ಮ ಎದ್ದು ಕೂತಳು. ಬಾಯಿ ಇದ್ದಿದ್ದರೆ ಆವತ್ತು ಕೇರಿಗೆಲ್ಲ ಕೇಳುವ ವಾದ ನಡೆಯುತ್ತಿತ್ತು. ಅವಳದೇ ಕಾನೂನನ್ನು ಹಿಡಿದು ಶಿವಮ್ಮ ಅವಳನ್ನೇ ಮೂಲೆಗೆ ಒತ್ತಿದ್ದಳು. ಗೆರೆ ಎಳೆದ ಮೇಲೆ ಅವಳೂ ಬಂದವರ ಲೆಕ್ಕವೇ; ಮಾದಪ್ಪನ ಹಾಲನ್ನು ಬೇಡವೆಂದರೆ ಆಣೆ ಮುರಿಯುವುದಕ್ಕಿಂತ ದೊಡ್ಡ ತಪ್ಪು. ಆದರೆ ಶಿವಮ್ಮ ಇದನ್ನು ಮಾಡಿದ್ದು ಕರುಣೆಯಿಂದ ಎಂದು ತಿಳಿಯಬೇಡಿ. ಅವಳು ನನಗೆ ಆಮೇಲೆ ಹೇಳಿದ್ದು ಹೀಗೆ: "ಅಸ ಒಡೆದು ಸತ್ಲು ಅಂತ ಆದ್ರೆ ಊರು ನನ್ನ ಅಸೀನ ಕೊಲೆಗಾತಿ ಅಂದದು. ಕೆಂದಿಗ ಆ ಎಸ್ರು ಬ್ಯಾಡ."

ಹಣ್ಣು ಪುಟ್ಟಮಲ್ಲಮ್ಮನದು, ಮಿಕ್ಸಿಯೂ ಅವಳದು, ಎರಡೂ ಗೆರೆಯ ಆಚೆ. ಶಿವಮ್ಮ ಎರಡನ್ನೂ ಕೇಳಲಿಲ್ಲ. ಕೆಂದಿ ಬಿಟ್ಟು ಉಳಿಸಿದ್ದ, ನೆಲಕ್ಕೆ ಬಿದ್ದ ಸಪೋಟಗಳನ್ನೇ ಆಯ್ದು, ಹಿತ್ತಲ ಒರಳಿನಲ್ಲಿ ಹಾಕಿ ಗುಂಡುಕಲ್ಲು ತಿರುಗಿಸತೊಡಗಿದಳು. ಒರಳಿನಲ್ಲಿ ಮೆಣಸಿನಕಾಯಿಯ ವಾಸನೆ ಹೋಗಿರಲಿಲ್ಲ. ಮೊದಲ ಲೋಟ ಹೀರಿದ ಪುಟ್ಟಮಲ್ಲಮ್ಮನ ಕಣ್ಣಲ್ಲಿ ನೀರು ಬಂತು. ಲೋಟವನ್ನು ನೆಲಕ್ಕೆ ಕುಕ್ಕಿದಳು.

"ಅಬ್ಬ, ದೊರೆಸಾನಿಗ ಖಾರ ಆಯ್ತಂತೆ ಕೆಂದಿ. ನಾಲಗೆಗಿಂತ ಖಾರ ಇತ್ತಾ ಕೇಳು."

ಪುಟ್ಟಮಲ್ಲಮ್ಮ ಎದ್ದಳು. ಗೋಡೆ ಹಿಡಿದುಕೊಂಡು ಅಲಮಾರಿನ ಹತ್ತಿರ ಹೋದಳು. ಮಿಕ್ಸಿಯನ್ನು ಎತ್ತಿ ನೆಲಕ್ಕಿಟ್ಟಳು. ಆಮೇಲೆ, ಕೈಯಿಂದ ಕೊಟ್ಟರೆ ಕೊಟ್ಟಂತಾಗುತ್ತದೆಂದೋ ಏನೋ, ಕಾಲಿನಿಂದ ಅದನ್ನು ದೂಡಿ ಗೆರೆ ದಾಟಿಸಿದಳು. ಜಾರಿನ ಮುಚ್ಚಳ ಉರುಳಿಕೊಂಡು ಶಿವಮ್ಮನ ಪಾದಕ್ಕೆ ತಾಗಿ ನಿಂತಿತು.

ಶಿವಮ್ಮ ಮುಚ್ಚಳ ಎತ್ತಿಕೊಂಡಳು. "ಕಾಲಲ್ಲಿ ಒದ್ದು ಕೊಡ್ತಾರೆ," ಎಂದಳು ಹಸುವಿಗೆ. ಆದರೆ ಪ್ಲಗ್ಗು ಹಾಕಿದಳು.

ಅಲ್ಲಿಂದ ಮುಂದೆ ನಡೆದದ್ದು ಒಂದು ರೀತಿಯ ಪ್ರಯೋಗ. ನಾನು ಶಾಲೆಯಲ್ಲಿ ಮಕ್ಕಳಿಗೆ ಮಾಡಿಸುವ ಪ್ರಯೋಗಗಳಲ್ಲಿ ಇಷ್ಟು ಶ್ರದ್ಧೆ ಕಂಡಿಲ್ಲ, ಇಷ್ಟು ದ್ವೇಷವನ್ನೂ ಕಂಡಿಲ್ಲ. ಮೊದಲು ಕೊಳವೆ ಕಟ್ಟಿಕೊಂಡಿತು. ಸಪೋಟದ ತಿರುಳಿನಲ್ಲಿ ಮರಳಿನಂಥ ಗಟ್ಟಿ ಕಣಗಳಿರುತ್ತವೆ. ಮಿಕ್ಸಿಯ ಬ್ಲೇಡಿಗೂ ಅವು ಪೂರ್ತಿ ಬಗ್ಗುವುದಿಲ್ಲ. ಚಹ ಸೋಸುವ ಜಾಲರಿ ಸಾಲಲಿಲ್ಲ. ಶಿವಮ್ಮ ಹಳೆಯ ಮಲ್ಲು ಪಂಚೆ ಹರಿದು, ಕುದಿಸಿ ಒಣಗಿಸಿ, ಅದರಲ್ಲಿ ಎರಡು ಸಲ ಹಿಂಡಿ ಸೋಸಿದಳು. ಆಮೇಲೆ ಬೆಲ್ಲ. ಬಿಸಿ ಹಾಲಿಗೆ ಬೆಲ್ಲ ಹಾಕಿದಾಗ ಹಾಲು ಒಡೆಯಿತು. ಪುಟ್ಟಮಲ್ಲಮ್ಮ ಒಡೆದ ಹಾಲಿನ ಲೋಟವನ್ನು ಗೆರೆಯ ಮೇಲೆ ಇಟ್ಟು, ತನ್ನ ತಲೆಗೆ ಬೆರಳು ತಟ್ಟಿ, ಆ ಬೆರಳನ್ನು ಶಿವಮ್ಮನ ಕಡೆ ತಿರುಗಿಸಿದಳು. ಬುದ್ಧಿ ಇದೆಯಾ ಎಂದು. ಆಮೇಲೆ ಶಿವಮ್ಮ ಹಾಲು ಕಾಯಿಸಿ, ಒದ್ದೆ ಮರಳಿನಲ್ಲಿ ಹೂತಿಟ್ಟ ಮಡಕೆಯಲ್ಲಿ ತಣಿಸಿ, ಬೆಲ್ಲವನ್ನು ಬೇರೆಯಾಗಿ ನೀರಿನಲ್ಲಿ ಕರಗಿಸಿ ಸೋಸಿ, ಎರಡೂ ತಣ್ಣಗಾದ ಮೇಲೆ ಕೂಡಿಸಿದಳು.

ಹಣ್ಣಿನ ವಿಷಯದಲ್ಲಿ ಪುಟ್ಟಮಲ್ಲಮ್ಮ ಬಿಟ್ಟುಕೊಡಲಿಲ್ಲ. ಬೆಳಿಗ್ಗೆ ತಾನೇ ಮರದ ಕೆಳಗೆ ಹೋಗಿ, ಒಂದೊಂದನ್ನೂ ಉಗುರಿನಿಂದ ಕೆರೆದು ನೋಡಿ, ಸಿಪ್ಪೆಯ ಕೆಳಗೆ ಹಸಿರು ಕಂಡರೆ ಬಿಟ್ಟು, ಕಂದು ಬಣ್ಣವಿದ್ದದ್ದನ್ನು ಮಾತ್ರ ತಂದು ಗೆರೆಯ ಮೇಲೆ ಸಾಲಾಗಿ ಇಡುತ್ತಿದ್ದಳು. ಬಲಿಯದ ಸಪೋಟದ ಸೊನೆ ಗಂಟಲು ಕಟ್ಟಿಸುತ್ತದೆ. ಬೀಜಕ್ಕೆ ತುದಿಯಲ್ಲಿ ಸಣ್ಣ ಕೊಕ್ಕೆ ಇರುತ್ತದೆ. ಅದು ಜಾರಿನೊಳಗೆ ಹೋಗಬಾರದೆಂದು ಶಿವಮ್ಮ ಹಣ್ಣು ಬಿಡಿಸುವಾಗ ಪುಟ್ಟಮಲ್ಲಮ್ಮ ಗೆರೆಯ ಈಚೆ ಕೂತು ಕಣ್ಣು ಮಿಟುಕಿಸದೆ ನೋಡುತ್ತಿದ್ದಳು.

"ನೋಡ್ಲಿ, ನೋಡ್ಲಿ," ಎನ್ನುತ್ತಿದ್ದಳು ಶಿವಮ್ಮ. "ವಿಸ ಆಕ್ತೀನಾ ಅಂತ ಕಾಯ್ತಾ ಅವ್ರೆ ಕೆಂದಿ. ವಿಸ ಆಕಾದಾದ್ರೆ ಇಷ್ಟ್ ಸೋಸ್ತಿದ್ನಾ?"

ದಿನಕ್ಕೆ ಆರು ಲೋಟ. ನಮ್ಮ ಮನೆಗೆ ಮಿಕ್ಸಿಯ ಸದ್ದು ಕೇಳುತ್ತಿದ್ದುದರಿಂದ ಈ ಲೆಕ್ಕ ನನ್ನ ಹೆಂಡತಿಗೂ ಬಾಯಿಪಾಠ. ಕರೆಂಟು ಹೋಗುವ ಹೊತ್ತನ್ನು ತಿಳಿದುಕೊಂಡು ಶಿವಮ್ಮ ಮೊದಲೇ ಅರೆದಿಟ್ಟುಕೊಳ್ಳುತ್ತಿದ್ದಳು. ಸಪೋಟ ಕಡಿಮೆಯಾದಾಗ ಬಾಳೆ, ಮಾರ್ಚ್ ಮುಗಿಯುವ ಹೊತ್ತಿಗೆ ಸಂತೆಯಲ್ಲಿ ಸಿಕ್ಕ ಮೊದಲ ಮಾವು. ಮಾವಿನ ನಾರು ಸೋಸುವುದಕ್ಕೆ ಅವಳಿಗೆ ಇನ್ನೊಂದು ಪಂಚೆ ಹೋಯಿತು. ಒಮ್ಮೆ ನಾನು ಹೋದಾಗ ನನಗೂ ಮಾದಪ್ಪನ ಪಾಲೆಂದು ಅರ್ಧ ಲೋಟ ಕೊಟ್ಟಳು. ತಣ್ಣಗೆ, ನುಣ್ಣಗೆ, ಏಲಕ್ಕಿಯ ಒಂದು ಎಳೆ. ಬೇಸಿಗೆಯ ಆ ಮಧ್ಯಾಹ್ನ ಅಂಥದ್ದನ್ನು ನಾನು ಯಾವ ಅಂಗಡಿಯಲ್ಲೂ ಕುಡಿದಿರಲಿಲ್ಲ. ಚೆನ್ನಾಗಿದೆ ಎಂದೆ. ಗೆರೆಯ ಆಚೆಯಿಂದ ಪುಟ್ಟಮಲ್ಲಮ್ಮ ಮೂಗಿನಲ್ಲೇ ಒಂದು ಸದ್ದು ಮಾಡಿದಳು. ಹಣ್ಣು ನನ್ನದು, ಅದಕ್ಕೇ ಚೆನ್ನಾಗಿದೆ ಎಂದು ನಾನು ಅರ್ಥ ಮಾಡಿಕೊಂಡೆ.

ಶಿವಮ್ಮ ಅಷ್ಟು ದಿನವೂ ಕರಿ ಚಹ ಕುಡಿದಳು. ಮೀಸಲೆಂದರೆ ಮೀಸಲು. ಆರು ಲೋಟ ಕಳೆದು ಉಳಿದ ಹಾಲನ್ನು ಅಂಗನವಾಡಿಗೆ ಹೋಗುವ ಮಕ್ಕಳಿಗೆ ಕೊಟ್ಟು, ಮಿಕ್ಕಿದ್ದನ್ನು ಕರುವಿಗೆ ಬಿಟ್ಟಳು. ಕರು ದಿನದಿಂದ ದಿನಕ್ಕೆ ದುಂಡಗಾಯಿತು. ಇದೇ ಕರು ಅವಳ ಮೇಲೆ ಸಾಕ್ಷಿಯಾಗಿ ಬಂತು.

ಪುಟ್ಟಮಲ್ಲಮ್ಮನ ಅಣ್ಣನ ಮಗ ಶಿವರಾಜು ಶಾಗ್ಯದಿಂದ ನೋಡಲು ಬಂದ. ಅತ್ತೆಯ ಪಾಲಿನ ಮನೆ ಮುಂದೆ ತನಗೆ ಬರುತ್ತದೆಂದು ನಂಬಿಕೊಂಡಿದ್ದವನು. ಅವನು ನೋಡಿದಾಗ ಅತ್ತೆಯ ಕೊರಳಿನ ಮೂಳೆ ಎದ್ದು ಕಾಣುತ್ತಿತ್ತು, ಬಳೆ ಮೊಣಕೈವರೆಗೆ ಸರಿಯುತ್ತಿತ್ತು. ಹಿತ್ತಲಲ್ಲಿ ಕರು ಮಿರಮಿರ ಮಿಂಚುತ್ತಿತ್ತು. ಅವನು ಬೀದಿಯಲ್ಲಿ ನಿಂತು ಕೂಗಿದ.

"ನೋಡ್ರಪ್ಪ, ಆಲೆಲ್ಲ ಕರೀಗ. ನಮ್ಮತ್ತೆ ಕಡ್ಡಿ ಆಗವ್ಳೆ. ಮಾದಪ್ಪನ ಎಸ್ರೇಳಿ ಒಣಗಿಸ್ತಾವ್ಳೆ ಇವ್ಳು. ಸತ್ತ ಮ್ಯಾಲ ಗೆರೆ ಅಳಿಸ್ಕಂಡು ಇಡೀ ಮನ ನುಂಗಾಕೆ."

"ಲೇ ಶಿವರಾಜು," ಎಂದಳು ಶಿವಮ್ಮ ಬಾಗಿಲಲ್ಲೇ ನಿಂತು. "ನಿಮ್ಮತ್ತೆಯ ನೀನೇ ಕರ್ಕೊಂಡೋಗಿ ಸೋಸಿ ಕೊಡ್ಲಾ. ದಿನಕ್ಕ ಆರು ಸಲ. ಪಂಚೆ ತಕ್ಕೊಂಡೋಗು."

ಶಿವರಾಜು ಪಂಚೆ ತೆಗೆದುಕೊಳ್ಳಲಿಲ್ಲ. ಆದರೆ ಮಾತು ಉಳಿಯಿತು. ಡೈರಿಯ ಹತ್ತಿರ, ಅಂಗಡಿಯ ಹತ್ತಿರ ಹೆಂಗಸರು ಶಿವಮ್ಮನನ್ನು ಕಂಡರೆ ದನಿ ತಗ್ಗಿಸುತ್ತಿದ್ದರು. ಬಾಯಿಗೆ ತಂತಿ ಕಟ್ಟಿದವರೆಲ್ಲ ಸೊರಗುತ್ತಾರೆಂದು ನಾನು ಹೇಳಿದರೆ, "ನೀವು ಎದುರು ಮನೆಯವ್ರು ಸಾ, ಆಗೇ ಅಂತೀರಿ," ಎಂದರು. ಶಿವಮ್ಮ ಯಾರಿಗೂ ಏನೂ ವಿವರಿಸಲಿಲ್ಲ. ಕತ್ತು ಎತ್ತಿಕೊಂಡು, ಕೊರಳಲ್ಲಿ ಕತ್ತರಿ ತೂಗಿಸಿಕೊಂಡು ನಡೆಯುತ್ತಿದ್ದಳು. ಪುಟ್ಟಮಲ್ಲಮ್ಮನೂ ಶಿವರಾಜುವಿನ ಮಾತಿಗೆ ಹೌದೆನ್ನಲಿಲ್ಲ, ಅಲ್ಲವೆನ್ನಲಿಲ್ಲ. ಅವನು ಬಂದಾಗ ಮುಖಕ್ಕೆ ಸೆರಗು ಹೊದ್ದು ಮಲಗಿದಳು. ಅದನ್ನು ಅವನು ಹೌದೆಂದೇ ತಿಳಿದ.

ತಂತಿ ಬಿಚ್ಚುವ ದಿನ ಕೊಳ್ಳೇಗಾಲಕ್ಕೆ ಅವರೆಲ್ಲ ಹೋದರು. ಶೃತಿ ಅಗರದಿಂದ ನೇರವಾಗಿ ಆಸ್ಪತ್ರೆಗೆ ಬಂದಳು, ಶಿವರಾಜು ಶಾಗ್ಯದಿಂದ ಬೈಕಿನಲ್ಲಿ. ಸವತಿಯರಿಬ್ಬರೂ ಬಸ್ಸಿನಲ್ಲಿ, ಒಬ್ಬಳು ಮುಂದಿನ ಬಾಗಿಲ ಹತ್ತಿರ, ಇನ್ನೊಬ್ಬಳು ಹಿಂದಿನ ಬಾಗಿಲ ಹತ್ತಿರ. ತೂಕ ಮೂವತ್ತೊಂಬತ್ತು. ನಳಿಕೆ ತಪ್ಪಿತ್ತು. ಮೂಳೆ ನೆಟ್ಟಗೆ ಕೂಡಿತ್ತು.

ಮರುದಿನದಿಂದ ಎಲ್ಲವೂ ಹಿಂದಿನಂತೆಯೇ ಆಯಿತು. ಮೀಸಲು ಮುಗಿಯಿತು, ಕೆಂದಿಯ ಹಾಲು ಡೈರಿಗೆ ಹೋಯಿತು, ಪುಟ್ಟಮಲ್ಲಮ್ಮ ಮತ್ತೆ ಕರಿ ಚಹ ಹಿಡಿದಳು. ಮಿಕ್ಸಿ ಗೆರೆ ದಾಟಿ ಹಿಂದೆ ಹೋಯಿತು, ಈ ಸಲ ಶಿವಮ್ಮನ ಕಾಲಿನಿಂದ. ತಂತಿಯ ದಿನಗಳಲ್ಲಿ ಯುಗಾದಿ ಬಂದು ಹೋಗಿತ್ತು. ಬಾಕಿ ಉಳಿದ ಸುಣ್ಣವನ್ನು ಪುಟ್ಟಮಲ್ಲಮ್ಮ ಆ ವಾರವೇ ಬಳಿದು ಮುಗಿಸಿದಳು. ದವಡೆ ಸಡಿಲವಾಗುತ್ತ ಬಂದ ಹಾಗೆ ಬೈಗುಳವೂ ಮೊದಲಿನ ಅಗಲಕ್ಕೆ ಬಂತು. ಬೆಳಿಗ್ಗೆ ಅದು ಕೇಳಿಸಿದರೆ ನನ್ನ ಹೆಂಡತಿ ಹಾಲು ಒಲೆಗಿಡುತ್ತಾಳೆ.

ಆದರೆ ಊರಿನಲ್ಲಿ ಶಿವಮ್ಮನ ಬಗ್ಗೆ ದನಿ ತಗ್ಗಿಸುವುದು ನಿಂತಿತು. ಶಿವರಾಜುವೂ ಈ ಕಡೆ ತಲೆ ಹಾಕುವುದನ್ನು ಬಿಟ್ಟ. ಏನಾಯಿತೆಂದು ಶಿವಮ್ಮನನ್ನು ಕೇಳಿದರೆ ಅವಳಿಗೆ ಈಗಲೂ ಸಿಟ್ಟು ಬರುತ್ತದೆ.

"ಡಾಕ್ಟ್ರ ಮುಂದ ಸುಳ್ಳು ಯೋಳ್ಬುಟ್ಳು ಸಾ. ಮಾದಪ್ಪನ ಆಲಿನ ಲೆಕ್ಕದಲ್ಲಿ ಸುಳ್ಳು. ಆರು ಕೊಟ್ಟಿದ್ದು ನಾನು. ಒಂದಿನವೂ ತಪ್ಪಿಲ್ಲ. ಆರು ಅಂತ ಇದ್ದದ್ದು ಇದ್ದಂಗೆ ಅನ್ನಾಕ ಅವ್ಳ ಗಂಟೇನು ಓಯ್ತಿತ್ತು?"

ಆಸ್ಪತ್ರೆಯಲ್ಲಿ ನಡೆದದ್ದನ್ನು ನನಗೆ ಹೇಳಿದವಳು ಶೃತಿ. ತಂತಿಯ ಕೊನೆಯ ತುಂಡು ತಟ್ಟೆಗೆ ಬಿದ್ದ ಮೇಲೆ ಶಿವಮ್ಮ ಕೊರಳ ದಾರ ಬಿಚ್ಚಿ ಕತ್ತರಿಯನ್ನು ಮೇಜಿನ ಮೇಲಿಟ್ಟಳಂತೆ. ಆಗ ಶಿವರಾಜು ಮುಂದೆ ಬಂದ. ಇಲ್ಲಿ ಆದರೂ ನ್ಯಾಯ ಹೇಳಿ ಸಾ, ಐದು ಕಿಲೊ ಕರಗಿಸವ್ಳೆ ನಮ್ಮತ್ತೆಯ, ಈ ಹೆಂಗಸು ಹೊಟ್ಟೆಗೆ ಏನೂ ಕೊಟ್ಟಿಲ್ಲ, ಊರೆಲ್ಲ ಅಂತದೆ, ಬರೆದು ಕೊಡಿ, ನಾನು ಪೊಲೀಸಿನವರ ಹತ್ತಿರ ಹೋಗುತ್ತೇನೆ ಎಂದ. ಡಾಕ್ಟರು ಕನ್ನಡಕ ತೆಗೆದು ಶಿವಮ್ಮನ ಕಡೆ ನೋಡಿದರು. ದಿನಕ್ಕೆ ಎಷ್ಟು ಲೋಟ ಕೊಡುತ್ತಿದ್ದಿರಿ ಎಂದು ಕೇಳಿದರು.

"ಕುಡುದವ್ಳು ಅಲ್ಲಿ ಕುಂತವ್ಳೆ," ಎಂದಳು ಶಿವಮ್ಮ. "ಅವ್ಳನ್ನೇ ಕೇಳಿ."

ಡಾಕ್ಟರು ಕುರ್ಚಿಯ ಕಡೆ ತಿರುಗಿದರು. ಪುಟ್ಟಮಲ್ಲಮ್ಮನ ದವಡೆ ಮರಗಟ್ಟಿತ್ತು, ಬಾಯಿ ಎರಡು ಬೆರಳಿನಷ್ಟೂ ತೆರೆಯುತ್ತಿರಲಿಲ್ಲ. ಶಿವರಾಜು ಅವಳ ಭುಜದ ಮೇಲೆ ಕೈಯಿಟ್ಟು, "ಯೋಳತ್ತೆ, ಎದುರ್ಕೋಬ್ಯಾಡ, ಇದ್ದದ್ದ ಯೋಳು," ಎಂದ. ಅವಳು ಆ ಕೈಯನ್ನು ತೆಗೆದುಹಾಕಿದಳು. ಶಿವಮ್ಮನ ಕಡೆ ನೋಡಲಿಲ್ಲ. ಗೋಡೆಯ ಮೇಲಿನ ಹಲ್ಲಿನ ಚಿತ್ರ ನೋಡುತ್ತ, ಐದು ವಾರದ ಮೇಲೆ ಮೊದಲ ಮಾತಾಗಿ, ಎಲ್ಲರಿಗೂ ಕೇಳುವಂತೆ ಹೇಳಿದಳು:

"ಎಂಟು."